ಪೊತಿತ್ಸ ಕತ್ತರಿಸಿದರೆ ಒಳಗೆಲ್ಲ ಟೊಳ್ಳು, ಎಲ್ಲಿ ತಪ್ಪಾಯ್ತು?

ಈಸ್ಟರ್‌ಗೆ ಅಂತ ಸ್ಲೊವೇನಿಯಾದ ಪೊತಿತ್ಸ, ಅಂದ್ರೆ ಹೂರಣ ಹಚ್ಚಿ ಸುರುಳಿ ಸುತ್ತಿ ಬೇಯಿಸುವ ಸಿಹಿ ಬ್ರೆಡ್, ಮಾಡಿದ್ದೀರಿ. ಮೇಲೆ ಚೆನ್ನಾಗಿ ಕೆಂಪಗಾಗಿದೆ. ಕತ್ತರಿಸಿದರೆ ಸುರುಳಿಗಳ ನಡುವೆ ಬೆರಳು ತೂರುವಷ್ಟು ಸಂದು, ಹೂರಣ ತಳದಲ್ಲಿ ಕುಸಿದು ಕೂತಿದೆ. ಯೀಸ್ಟ್ ಜಾಸ್ತಿ ಆಯ್ತಾ ಅಂತ ಕೇಳಿದ್ದೀರಿ.

ನನಗೂ ಮೊದಲ ಸಲ ಹೀಗೇ ಆಗಿತ್ತು. ಅಲ್ಲಿನ ರಾಜಧಾನಿ ಲುಬ್ಲಿಯಾನಾದಲ್ಲಿ ನಾವು ಬಾಡಿಗೆಗಿದ್ದ ಮನೆಯ ಕೆಳಗಡೆ ಮನೆ ಓನರ್ ಅಜ್ಜಿ ಇದ್ದರು. ಒಂದು ತುಂಡು ತಟ್ಟೆಯಲ್ಲಿಟ್ಟುಕೊಂಡು ಹೋಗಿ ತೋರಿಸಿದೆ. ಅವರು ಅದನ್ನು ಕಿಟಕಿ ಬೆಳಕಿಗೆ ಹಿಡಿದು, ಸಂದಿಯಿಂದ ಆಚೆ ನೋಡಿ, ಒಂದೇ ಮಾತು ಕೇಳಿದರು: "ಚುಚ್ಚಿದ್ಯಾ?" ನಾನು ಚುಚ್ಚಿರಲಿಲ್ಲ. ಚುಚ್ಚಬೇಕು ಅಂತಲೇ ಗೊತ್ತಿರಲಿಲ್ಲ.

ಆ ಟೊಳ್ಳು ಎಲ್ಲಿಂದ ಬರುತ್ತೆ ಅಂದ್ರೆ, ಸುತ್ತುವಾಗ ಕಣಕ ಮತ್ತು ಹೂರಣದ ನಡುವೆ ಗಾಳಿ ಉಳಿದಿರುತ್ತೆ. ಓವನ್ ಒಳಗೆ ಹೂರಣದ ನೀರಿನಂಶ ಆವಿಯಾಗುತ್ತೆ. ಗಾಳಿ, ಆವಿ ಎರಡಕ್ಕೂ ಹೊರಗೆ ಹೋಗಲು ದಾರಿ ಇಲ್ಲದಿದ್ದರೆ ಪದರಗಳನ್ನು ಎತ್ತಿ ಬೇರೆ ಮಾಡುತ್ತವೆ. ಅದಕ್ಕೇ ಅಚ್ಚಿಗೆ ಇಳಿಸಿದ ಮೇಲೆ ಉದ್ದನೆಯ ಕಡ್ಡಿಯಿಂದ ತಳ ಮುಟ್ಟುವ ಹಾಗೆ ಎರಡು ಬೆರಳು ಅಂತರಕ್ಕೊಂದು ಚುಚ್ಚಬೇಕು. ಅಜ್ಜಿ ಸ್ವೆಟರ್ ಹೆಣೆಯುವ ಕಡ್ಡಿಯನ್ನೇ ಇದಕ್ಕೆ ಅಂತ ಬೇರೆ ಇಟ್ಟುಕೊಂಡಿದ್ದರು. ಒಮ್ಮೆ ಉಬ್ಬುವ ಮೊದಲು ಚುಚ್ಚುವುದು, ಓವನ್‌ಗೆ ಇಡುವ ಮುಂಚೆ ಮತ್ತೊಮ್ಮೆ. ಕಡ್ಡಿ ಒಳಗೆ ಹೋಗುವಾಗ ಕೆಲವು ಕಡೆ ಪುಸ್ ಅಂತ ಸಣ್ಣ ಸದ್ದು ಬರುತ್ತೆ. ಅಲ್ಲೇ ನಿಮ್ಮ ಟೊಳ್ಳು ಇದ್ದದ್ದು.

ಅಂದ್ರೆ ಚುಚ್ಚಿಬಿಟ್ಟರೆ ಸಾಕು ಅಂತಲ್ಲ. ಹೂರಣ ಬಿಸಿ ಇರುವಾಗಲೇ ಹಚ್ಚಿದರೆ ಅದನ್ನು ತಾಗಿದ ಹಿಟ್ಟು ಬೇಗ ಉಬ್ಬಿಬಿಡುತ್ತೆ, ಉಳಿದದ್ದು ಹಿಂದೆ ಬೀಳುತ್ತೆ. ಹೂರಣ ನೀರಾಗಿದ್ದರೆ ಆವಿ ಜಾಸ್ತಿ, ಕುಸಿಯೋದೂ ಜಾಸ್ತಿ. ಬೇಗ ಉಬ್ಬಲಿ ಅಂತ ಬಿಸಿ ಜಾಗದಲ್ಲಿ ಇಟ್ಟಿದ್ದರೆ ಅದೂ ಒಂದು ಕಾರಣ. ನಿಮ್ಮ ಯೀಸ್ಟ್ ಅನುಮಾನ ಪೂರ್ತಿ ಸುಳ್ಳಲ್ಲ, ಆದರೆ ನನಗನ್ನಿಸುವ ಪ್ರಕಾರ ತಪ್ಪಿರುವುದು ಹೂರಣದಲ್ಲಿ.

ನಾನು ಮಾಡುವ ಅಳತೆ ಹೇಳ್ತೀನಿ. ಅರ್ಧ ಕಿಲೋ ಮೈದಾ, 7 ಗ್ರಾಂ ಒಣ ಯೀಸ್ಟ್, ಕಾಲು ಲೀಟರ್‌ಗೆ ಸ್ವಲ್ಪ ಕಮ್ಮಿ ಉಗುರು ಬೆಚ್ಚಗಿನ ಹಾಲು, 3 ಮೊಟ್ಟೆಯ ಹಳದಿ, 80 ಗ್ರಾಂ ಬೆಣ್ಣೆ, 60 ಗ್ರಾಂ ಸಕ್ಕರೆ, ಚಿಟಿಕೆ ಉಪ್ಪು, ನಿಂಬೆ ಸಿಪ್ಪೆಯ ತುರಿ, ಒಂದು ಚಮಚ ರಮ್. ರಮ್ ಬೇಡ ಅಂದ್ರೆ ಬಿಡಿ, ಪೊತಿತ್ಸಕ್ಕೆ ಏನೂ ಆಗಲ್ಲ. ಹೋಳಿಗೆ ಕಣಕದಷ್ಟು ಸಡಿಲ ಬೇಡ, ಕೈಗೆ ಅಂಟದ ಹಾಗೆ ಮೆತ್ತಗೆ ಬರುವ ತನಕ ನಾದಿ. ಎರಡು ಪಟ್ಟು ಆಗುವವರೆಗೆ ಮುಚ್ಚಿಡಿ.

ಹೂರಣಕ್ಕೆ 400 ಗ್ರಾಂ ಅಕ್ರೋಟ್ ಸಣ್ಣಗೆ ಪುಡಿ ಮಾಡಿ. ಮಿಕ್ಸಿಯಲ್ಲಿ ಒಂದೇ ಸಮ ಓಡಿಸಿದರೆ ಎಣ್ಣೆ ಬಿಟ್ಟು ಉಂಡೆಯಾಗುತ್ತೆ, ಬಿಟ್ಟು ಬಿಟ್ಟು ತಿರುಗಿಸಿ. ಅರ್ಧ ಲೋಟ ಹಾಲಿಗೆ 100 ಗ್ರಾಂ ಜೇನು, 80 ಗ್ರಾಂ ಸಕ್ಕರೆ ಹಾಕಿ ಕಾಯಿಸಿ, ಮುಕ್ಕಾಲು ಪಾಲು ಅಕ್ರೋಟ್ ಮೇಲೆ ಸುರಿದು ಕಲಸಿ. ದಾಲ್ಚಿನ್ನಿ ಪುಡಿ ಸ್ವಲ್ಪ. ಪೂರ್ತಿ ಆರಿದ ಮೇಲೆ ಮಾತ್ರ ಉಳಿದ 3 ಮೊಟ್ಟೆಯ ಬಿಳಿಯನ್ನು ನೊರೆ ಬರುವಂತೆ ಕಡೆದು ಸೇರಿಸಿ. ಚಮಚದಿಂದ ಎತ್ತಿದರೆ ಸುರಿಯಬಾರದು, ಮೆಲ್ಲಗೆ ಜಾರಬೇಕು. ಮಿಕ್ಕ ಕಾಲು ಪಾಲು ಪುಡಿಯನ್ನು ಹಚ್ಚಿದ ಹೂರಣದ ಮೇಲೆ ಉದುರಿಸಿ. ಅದು ನೀರು ಹೀರಿಕೊಳ್ಳುತ್ತೆ.

ಲಟ್ಟಿಸುವುದು ಅರ್ಧ ಸೆಂಟಿಮೀಟರ್ ದಪ್ಪ, ಸುಮಾರು 50 ಸೆಂಟಿಮೀಟರ್ ಉದ್ದ, 35 ಅಗಲ. ಉದ್ದದ ಅಂಚಿನಿಂದ ಬಿಗಿಯಾಗಿ ಸುತ್ತಿ, ಆದರೆ ಎಳೆಯಬೇಡಿ. ಹೂರಣ ಅಂಚಿನವರೆಗೂ ಹೋಗಲಿ. ಈ ಹೆಸರು ಬಂದಿದ್ದೇ 'ಸುತ್ತುವುದು' ಅನ್ನುವ ಅರ್ಥದ ಮಾತಿನಿಂದ, ಹಳೆಯ ರೂಪ ಪೊವಿತಿತ್ಸ. ಅಚ್ಚಿಗೆ ಪೊತಿಚ್ನಿಕ್ ಅಂತಾರೆ, ನಡುವೆ ಗೂಟದಂಥ ಕೊಳವೆ ಇರುವ ದುಂಡನೆ ಪಾತ್ರೆ. ಹಳೇ ಮನೆಗಳಲ್ಲಿ ಮಣ್ಣಿನದ್ದು ಇರುತ್ತೆ. ನಿಮ್ಮ ಹತ್ತಿರ ಇರುವ, ನಡುವೆ ತೂತಿನ ಕೇಕ್ ಅಚ್ಚು ಧಾರಾಳವಾಗಿ ಸಾಕು. ಅಚ್ಚಿಗೆ ಬೆಣ್ಣೆ ಸವರಿ, ಸುರುಳಿಯ ಜೋಡು ಮೇಲಕ್ಕೆ ಬರುವ ಹಾಗೆ ಇಡಿ. ಬೋರಲು ಹಾಕಿದಾಗ ಅದು ತಳಕ್ಕೆ ಹೋಗಿ ಕಾಣಲ್ಲ. ಚುಚ್ಚಿ, ತಣ್ಣನೆ ಕೋಣೆಯಲ್ಲಿ ನಿಧಾನಕ್ಕೆ ಉಬ್ಬಲು ಬಿಡಿ. 175 ಡಿಗ್ರಿಯಲ್ಲಿ ಸುಮಾರು ಒಂದು ಗಂಟೆ. ಮೇಲೆ ಬೇಗ ಕಪ್ಪಾಗುತ್ತಿದ್ದರೆ ಫಾಯಿಲ್ ಮುಚ್ಚಿ. ತೆಗೆದ ಮೇಲೆ ಅಚ್ಚಿನಲ್ಲೇ ಕಾಲು ಗಂಟೆ ಇಟ್ಟು ಆಮೇಲೆ ಬೋರಲು ಹಾಕಿ.

ಹೂರಣ ಅಕ್ರೋಟೇ ಆಗಬೇಕಾ? ಇಲ್ಲ. 2021ರಲ್ಲಿ ಯುರೋಪಿಯನ್ ಯೂನಿಯನ್ 'ಸ್ಲೊವೆನ್ಸ್ಕ ಪೊತಿತ್ಸ' ಅನ್ನು ಸಾಂಪ್ರದಾಯಿಕ ತಿನಿಸು ಅಂತ ನೋಂದಾಯಿಸಿತು. ಅದರಲ್ಲಿ ಒಪ್ಪಿದ ಹೂರಣ ಐದೇ: ಅಕ್ರೋಟ್, ಅಕ್ರೋಟ್-ಒಣದ್ರಾಕ್ಷಿ, ಬರೀ ಒಣದ್ರಾಕ್ಷಿ, ಟ್ಯಾರಗನ್ ಸೊಪ್ಪು, ಟ್ಯಾರಗನ್ ಜೊತೆ ಹಸಿ ಚೀಸ್. ಮನೆಗಳಲ್ಲಿ ಇನ್ನೂ ಎಷ್ಟೋ ಬಗೆ ಮಾಡ್ತಾರೆ. ನನಗೆ ಇಷ್ಟ ಗಸಗಸೆಯದ್ದು. ಅಲ್ಲಿನ ಗಸಗಸೆ ನಮ್ಮ ಪಾಯಸದ್ದರ ಹಾಗೆ ಬಿಳಿಯಲ್ಲ, ನೀಲಿ-ಕಪ್ಪು. ಕತ್ತರಿಸಿದಾಗ ಬಿಳಿ-ಕಪ್ಪು ಸುರುಳಿ ನೋಡೋದೇ ಒಂದು ಖುಷಿ. ಸೊಪ್ಪು ಹಾಕಿದ ಸಿಹಿ ಮಾತ್ರ ನನ್ನ ನಾಲಿಗೆಗೆ ಒಗ್ಗಲೇ ಇಲ್ಲ.

ಈಸ್ಟರ್ ಅಂತ ಕೇಳಿದ್ದರಿಂದ ಇನ್ನೊಂದು ವಿಷಯ. ಈಸ್ಟರ್ ಹಿಂದಿನ ದಿನ ಶನಿವಾರ ಅಲ್ಲಿ ಬುಟ್ಟಿಯಲ್ಲಿ ಹ್ಯಾಮ್, ಬಣ್ಣದ ಮೊಟ್ಟೆ, ಹಾರ್ಸ್‌ರ್‍ಯಾಡಿಷ್ ಗೆಡ್ಡೆ, ಪೊತಿತ್ಸ ಇಟ್ಟು, ಮೇಲೆ ಕಸೂತಿ ಬಟ್ಟೆ ಮುಚ್ಚಿ ಚರ್ಚ್‌ಗೆ ಒಯ್ದು ಮಂತ್ರಿಸಿ ತರ್ತಾರೆ. ಪೊತಿತ್ಸದ ದುಂಡು ಆಕಾರ ಯೇಸುವಿನ ಮುಳ್ಳಿನ ಕಿರೀಟ ಅಂತ ನಂಬಿಕೆ. ಭಾನುವಾರ ಬೆಳಿಗ್ಗೆ ಎಲ್ಲವನ್ನೂ ಒಟ್ಟಿಗೇ ತಿನ್ನೋದು. ಕಣ್ಣಲ್ಲಿ ನೀರು ಬರಿಸುವ ಆ ಗೆಡ್ಡೆಯ ತುರಿ, ಪಕ್ಕದಲ್ಲೇ ಸಿಹಿ ಪೊತಿತ್ಸ!

ಹಾಗಾಗಿ ನೀವು ಶುಕ್ರವಾರವೇ ಮಾಡಿಡಿ. ಬಿಸಿಯಿದ್ದಾಗ ಕತ್ತರಿಸಿದರೆ ಸುರುಳಿ ಜಜ್ಜಿಹೋಗುತ್ತೆ, ಒಂದು ದಿನ ಕಳೆದರೆ ಹೂರಣ ಕೂತು ನೀಟಾಗಿ ಬರುತ್ತೆ. ಈಗ ಟೊಳ್ಳಾಗಿರುವುದನ್ನು ಎಸೆಯಬೇಡಿ. ತೆಳ್ಳಗೆ ಕತ್ತರಿಸಿ ಕಾವಲಿ ಮೇಲೆ ಬೆಣ್ಣೆ ಹಾಕಿ ಎರಡೂ ಕಡೆ ಬಿಸಿ ಮಾಡಿ, ಕಾಫಿ ಜೊತೆ ಚೆನ್ನಾಗಿರುತ್ತೆ. ನನ್ನದು ಹಾಗೇ ಖಾಲಿಯಾಗಿದ್ದು.