ಬದುಕಿದ್ದಾಗಲೇ ಗುಲಾಮರನ್ನು ಬಿಟ್ಟವರು ಇದ್ದಾರಾ?

ಅಮೆರಿಕದ ಮೊದಲ ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್ ತನ್ನ ಗುಲಾಮರನ್ನು ಬಿಡಬೇಕು ಅಂತ ಉಯಿಲಿನಲ್ಲಿ ಬರೆದಿಟ್ಟು ಹೋದ, ಸರಿ, ಆದರೆ ಬದುಕಿದ್ದಾಗಲೇ ದೊಡ್ಡ ಸಂಖ್ಯೆಯಲ್ಲಿ ಗುಲಾಮರನ್ನು ಬಿಟ್ಟ ತೋಟದ ಮಾಲೀಕ ಯಾರಾದರೂ ಇದ್ದರಾ ಅಂತ ಕೇಳಿದ್ದೀರಿ. ಇದ್ದ. ವರ್ಜೀನಿಯಾದ ರಾಬರ್ಟ್ ಕಾರ್ಟರ್. ಬ್ರಿಟಿಷರ ಕಾಲದಲ್ಲಿ ಗವರ್ನರ್ ಸಭೆಯ ಸದಸ್ಯನಾಗಿದ್ದ, ಭಾರೀ ಕುಳ. ತನ್ನ ತೋಟಗಳಿಗೆ ಸಿಂಹ, ತುಲಾ ಅಂತ ರಾಶಿಗಳ ಹೆಸರಿಟ್ಟಿದ್ದ!

1782ರ ಕಾನೂನು ಬಂದಮೇಲೆ ಅಲ್ಲಿ ಗುಲಾಮರನ್ನು ಬಿಡುವುದು ಸುಲಭವಾಗಿತ್ತು. ಆದರೂ ಹೆಚ್ಚಿನ ದೊಡ್ಡ ಮಾಲೀಕರು ಸುಮ್ನೆ ಕೂತರು. ಅಷ್ಟರಲ್ಲಿ ಕ್ರೈಸ್ತರ ಬ್ಯಾಪ್ಟಿಸ್ಟ್ ಪಂಥ ಸೇರಿದ್ದ ಕಾರ್ಟರ್ 1791ರಲ್ಲಿ ತನ್ನ ಗುಲಾಮರ ಬಿಡುಗಡೆ ಪತ್ರವನ್ನು ಕೋರ್ಟಿಗೆ ಸಲ್ಲಿಸಿದ. ಒಬ್ಬೊಬ್ಬರ ಹೆಸರು, ವಯಸ್ಸು, ಯಾವ ತೋಟದವರು ಅಂತ ಪಟ್ಟಿ. 450ಕ್ಕೂ ಜಾಸ್ತಿ ಜನ.

ಒಂದೇ ದಿನಕ್ಕೆ ಎಲ್ಲರನ್ನೂ ಬಿಡಲಿಲ್ಲ ಅನ್ನೋದನ್ನೂ ಹೇಳಬೇಕು. ವರ್ಷಕ್ಕೆ 15 ಜನರಂತೆ ಶುರು. ಮಕ್ಕಳು ದೊಡ್ಡವರಾಗುವವರೆಗೆ ಕಾಯಬೇಕಿತ್ತು. ನನಗೆ ಇದು ಅರೆಮನಸ್ಸಿನ ಕೆಲಸ ಅನಿಸುವುದಿಲ್ಲ, ಆದರೆ ಕಾದವರಿಗೆ ಏನನಿಸಿತೋ!

ನೆರೆಹೊರೆಯವರು ಸಿಟ್ಟಾದರು, ಮನೆಯವರಿಗೂ ಹಿಡಿಸಲಿಲ್ಲ. 1793ರಲ್ಲಿ ಬಾಲ್ಟಿಮೋರ್‌ಗೆ ಹೋದವನು 1804ರಲ್ಲಿ ಅಲ್ಲೇ ತೀರಿಕೊಂಡ. ಬಿಡುಗಡೆಯ ಓಡಾಟವನ್ನು ಬೆಂಜಮಿನ್ ಡಾಸನ್ ಎಂಬ ಬ್ಯಾಪ್ಟಿಸ್ಟ್ ಪಾದ್ರಿಗೆ ವಹಿಸಿದ್ದ.