ಸಾಣಾಪುರ ಕೆರೆ ಹತ್ತಿರ ನಾಲ್ಕು ಜನರೆದುರು ಮದುವೆಯಾಗಿ, ಹಾಗೇ ಕಾರಲ್ಲಿ ಹನಿಮೂನ್‌ಗೆ ಹೊರಡಬಹುದಾ?

ಹೊರಡಬಹುದು. ಚಳಿಗಾಲ ನೋಡಿಕೊಳ್ಳಿ, ಮುಹೂರ್ತ ಸೂರ್ಯ ಹುಟ್ಟೋ ಹೊತ್ತಿಗೇ ಇಟ್ಟುಕೊಳ್ಳಿ. ಫೋಟೋಗೆ ಸಂಜೆ ಚೆಂದ ಅಂತ ಎಲ್ಲರೂ ಹೇಳುತ್ತಾರೆ, ಆದರೆ ನಮ್ಮ ಕೊಪ್ಪಳದ ಗ್ರಾನೈಟ್ ಬಂಡೆ ಹಗಲೆಲ್ಲ ಬಿಸಿಲು ಕುಡಿದು, ಹೊತ್ತು ಮುಳುಗಿದ ಮೇಲೂ ನಿಧಾನಕ್ಕೆ ಬಿಸಿ ಬಿಡ್ತಾ ಇರುತ್ತದೆ. ತಾಳಿ ಕಟ್ಟುವಾಗ ಚಪ್ಪಲಿ ಬಿಟ್ಟು ನಿಲ್ಲಬೇಕಲ್ವಾ? ಬೆಳಗ್ಗೆ ಅದೇ ಬಂಡೆ ತಣ್ಣಗಿರುತ್ತದೆ. ಗಾಳಿ ಇದ್ದರೆ ಅಕ್ಕಿಕಾಳು ಮಾತ್ರ ಕೆರೆಗೇ ಹೋಗುತ್ತದೆ, ಅದಕ್ಕೆ ನಾನೇನೂ ಮಾಡಲಾರೆ.

ಕಾಗದದ ಕೆಲಸ ಬೇರೆ. ನಿಮ್ಮಿಬ್ಬರ ಧರ್ಮ ಬೇರೆಯಾಗಿದ್ದರೆ 1954ರ ವಿಶೇಷ ವಿವಾಹ ಕಾಯ್ದೆ ಇದೆ. ಅದರಲ್ಲಿ ಒಬ್ಬರಾದರೂ 30 ದಿನದಿಂದ ವಾಸವಿರುವ ಜಿಲ್ಲೆಯಲ್ಲೇ ನೋಟಿಸ್ ಕೊಡಬೇಕು, ಆಮೇಲೆ ಮತ್ತೆ 30 ದಿನ ಕಾಯಬೇಕು, ಮದುವೆ ದಿನ ಮೂವರು ಸಾಕ್ಷಿಗಳು ಸಹಿ ಹಾಕಬೇಕು. ಹಾಗಾಗಿ ಆ ದಿನಾಂಕ ಗಟ್ಟಿಯಾಗೋ ತನಕ ರೂಮು ಬುಕ್ ಮಾಡಬೇಡಿ.

ದಾರಿ? ಸುಮ್ನೆ ಗೋವಾ ಕಡೆ ಓಡಬೇಡಿ. ಕೊಪ್ಪಳ ದಾಟಿ ಇಟಗಿಯ ಮಹಾದೇವ ಗುಡಿ ನೋಡಿ, 1112ರಲ್ಲಿ ಕಟ್ಟಿದ್ದು. ಪಕ್ಕದ ಕುಕನೂರಲ್ಲಿ ನವಲಿಂಗ ಗುಡಿ ಇದೆ, ಅಲ್ಲಿಂದ ಮುಂದೆ ಬಾದಾಮಿಗೆ ಹೋಗಿ.