ಉಂಡ ಮನೆಯ ಜಂತೆ ಎಣಿಸಿದವರು

ಓದುಗರ ಪತ್ರ: “ಸಂಪಾದಕರಿಗೆ ನಮಸ್ಕಾರ. ಬ್ರಿಟನ್ನಿನ ರಾಣಿ ಎರಡನೆಯ ಎಲಿಜಬೆತ್ ಮತ್ತು ಅವರ ತಂಗಿ ಮಾರ್ಗರೆಟ್ ಬಾಲಕಿಯರಾಗಿದ್ದಾಗ ಅವರ ಗವರ್ನೆಸ್ ಆಗಿ, ಅರಮನೆಯಲ್ಲೇ ಇದ್ದು ಪಾಠ ಹೇಳಿದ ಮೇರಿಯನ್ ಕ್ರಾಫರ್ಡ್ ಎಂಬವಳನ್ನು ಕುರಿತ ಐತಿಹಾಸಿಕ ಕಾದಂಬರಿಯೊಂದನ್ನು ಓದಿ ಮುಗಿಸಿದೆ. ಅರಮನೆಯ ಒಳಗಿನ ಸಂಗತಿಗಳನ್ನು ಪುಸ್ತಕ ಮಾಡಿ ಉಂಡ ಮನೆಯ ಜಂತೆ ಎಣಿಸಿದವಳನ್ನು ನಾಯಕಿ ಮಾಡಿರುವುದು ನನಗೆ ಸರಿ ಕಾಣಲಿಲ್ಲ. ಅದೂ ಸಾಲದೆಂದು, ಅವಳು ಎಲ್ಲೂ ಆಡದ ಮಾತು, ಎಲ್ಲೂ ಬರೆಯದ ತಳಮಳ ಎಲ್ಲವನ್ನೂ ಲೇಖಕರೇ ಹೊಸೆದಿದ್ದಾರೆ. ಸತ್ತವರ ಬಾಯಲ್ಲಿ ಮಾತು ತುರುಕುವ ಹಕ್ಕನ್ನು ಇವರಿಗೆ ಯಾರು ಕೊಟ್ಟರು? ಪದವಿ ಓದುತ್ತಿರುವ ನನ್ನ ಮಗಳು ಈಗ ಆ ಪುಸ್ತಕ ಕೇಳುತ್ತಿದ್ದಾಳೆ. ಕೊಡಲೋ ಬೇಡವೋ?”

ಸಂಪಾದಕರ ಉತ್ತರ:

ಮಾನ್ಯರೇ, ನಿಮ್ಮ ಪತ್ರದಲ್ಲಿ ಎರಡು ಆಪಾದನೆಗಳಿವೆ, ಎರಡೂ ಒಂದರೊಡನೊಂದು ಜಗಳವಾಡುತ್ತಿವೆ. ಗವರ್ನೆಸ್ ನಿಜ ಹೇಳಿದ್ದು ತಪ್ಪು ಎನ್ನುತ್ತೀರಿ. ಕಾದಂಬರಿಕಾರರು ನಿಜ ಹೇಳದಿದ್ದುದೂ ತಪ್ಪು ಎನ್ನುತ್ತೀರಿ. ಹಾಗಾದರೆ ಅರಮನೆಯ ಬಗ್ಗೆ ಮಾತನಾಡಲು ಉಳಿದವರು ಯಾರು? ಹೊಗಳುಭಟರು ಮಾತ್ರ. ಅವರ ಬರಹವನ್ನು ಓದುವ ತಾಳ್ಮೆ ನಿಮಗೂ ಇಲ್ಲ ಎಂಬುದು ನಿಮ್ಮ ಚುರುಕಾದ ಭಾಷೆಯಿಂದಲೇ ಗೊತ್ತಾಗುತ್ತದೆ.

ನಿಮ್ಮ ಕಡೆಯ ನ್ಯಾಯವನ್ನು ಮೊದಲು ಹೇಳಿಬಿಡುತ್ತೇನೆ. ರಾಜನ ಮನೆಯೂ ಮನೆಯೇ. ಆ ಇಬ್ಬರು ಹುಡುಗಿಯರು ರಾಜವಂಶದಲ್ಲಿ ಹುಟ್ಟುತ್ತೇವೆಂದು ಅರ್ಜಿ ಹಾಕಿರಲಿಲ್ಲ. ತಮ್ಮ ಬಾಲ್ಯದ ಮಲಗುವ ಕೋಣೆ ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದಾಗ ಅವರಿಗೆ ನೋವಾಗಿರಲೇಬೇಕು. ಒಪ್ಪಿದೆ, ಮುಂದಕ್ಕೆ ಹೋಗೋಣ.

ಕ್ರಾಫರ್ಡ್ ಸ್ಕಾಟ್ಲೆಂಡಿನ ಸಾಧಾರಣ ಮನೆಯ ಹೆಣ್ಣುಮಗಳು. 1909ರಲ್ಲಿ ಹುಟ್ಟಿ, ಎಡಿನ್‌ಬರೋದಲ್ಲಿ ಶಿಕ್ಷಕಿಯ ತರಬೇತಿ ಪಡೆದವಳು. ಆಕೆಗಿದ್ದ ಆಸೆ ಬಡವರ ಕೇರಿಯ ಮಕ್ಕಳಿಗೆ ಪಾಠ ಹೇಳಬೇಕೆಂದು. ನಡುವೆ ಶ್ರೀಮಂತರ ಮನೆಯೊಂದರಲ್ಲಿ ಮಕ್ಕಳಿಗೆ ಕಲಿಸುತ್ತಿದ್ದಾಗ ಆ ಇಬ್ಬರು ಹುಡುಗಿಯರ ತಂದೆತಾಯಿಯಾದ ಯಾರ್ಕಿನ ಡ್ಯೂಕ್ ದಂಪತಿಯ ಕಣ್ಣಿಗೆ ಬಿದ್ದಳು. ಪ್ರಾಯೋಗಿಕವಾಗಿ ಸ್ವಲ್ಪ ಕಾಲ ಎಂದು ಬಂದವಳು ಸುಮಾರು 16 ವರ್ಷ ಅಲ್ಲೇ ಉಳಿದಳು. ಆಕೆ ಮೊದಲ ಸಲ ಕಂಡಾಗ ಹಿರಿಯ ಹುಡುಗಿ ಹಾಸಿಗೆಯ ಮೇಲೆ ಕುಳಿತು, ನಿಲುವಂಗಿಯ ದಾರಗಳನ್ನು ಮಂಚದ ಗುಬುಟಿಗೆ ಕಟ್ಟಿಕೊಂಡು, ಇಲ್ಲದ ಕುದುರೆಗಳನ್ನು ಓಡಿಸುತ್ತಿದ್ದಳಂತೆ. ಆಗ ಆಕೆ ಮುಂದೆ ರಾಣಿಯಾಗುವಳೆಂದು ಯಾರೂ ಎಣಿಸಿರಲಿಲ್ಲ. 1936ರ ಡಿಸೆಂಬರಿನಲ್ಲಿ ದೊಡ್ಡಪ್ಪ ಎಂಟನೆಯ ಎಡ್ವರ್ಡ್ ಸಿಂಹಾಸನ ಬಿಟ್ಟುಕೊಟ್ಟ ಮೇಲೆ ಇಡೀ ಸಂಸಾರ ಬಕಿಂಗ್‌ಹ್ಯಾಮ್ ಅರಮನೆಗೆ ಸಾಗಿತು, ಗವರ್ನೆಸ್ ಕೂಡ.

ಮಕ್ಕಳನ್ನು ನೆಲದಡಿಯ ರೈಲಿನಲ್ಲಿ ಕೂರಿಸಿ ಊರು ತೋರಿಸಿದವಳು ಈಕೆ. ಅರಮನೆಯೊಳಗೆ ಗರ್ಲ್ ಗೈಡ್ಸ್ ತಂಡ ಕಟ್ಟಲು ಓಡಾಡಿದವಳೂ ಈಕೆಯೇ. ಯುದ್ಧದ ವರ್ಷಗಳಲ್ಲಿ ವಿಂಡ್ಸರ್ ಕೋಟೆಯಲ್ಲಿ ಮಕ್ಕಳ ಜೊತೆಗಿದ್ದಳು. ತನ್ನ ಮದುವೆಯನ್ನು ಮುಂದೂಡುತ್ತ ಹೋಗಿ 1947ರಲ್ಲಿ, 38ನೆಯ ವಯಸ್ಸಿನಲ್ಲಿ ಮಾಡಿಕೊಂಡಳು. ಆಕೆಯ ಶಿಷ್ಯೆಯ ಮದುವೆಯೂ ಅದೇ ವರ್ಷ. ಮಕ್ಕಳಾಗಲಿಲ್ಲ. ಅನ್ನದ ಋಣದ ಮಾತೆತ್ತಿದ್ದೀರಲ್ಲ, ಆ ಲೆಕ್ಕದ ಪುಸ್ತಕದಲ್ಲಿ ಈ ಬಾಬತ್ತನ್ನು ಯಾವ ಕಡೆಗೆ ಬರೆಯುತ್ತೀರಿ?

ನಿವೃತ್ತಿಯಾದ ಮೇಲೆ ಅಮೆರಿಕದ ಮಹಿಳಾ ಪತ್ರಿಕೆಯೊಂದು ಅರಮನೆಯ ಮಕ್ಕಳ ಕುರಿತ ಲೇಖನಗಳಿಗೆ ಗಂಟುಬಿದ್ದಿತು. 1949ರ ಏಪ್ರಿಲ್‌ನಲ್ಲಿ ರಾಜಕುಮಾರಿಯರ ತಾಯಿ ಆಕೆಗೆ ಬರೆದ ಪತ್ರ ಈಗ ಎಲ್ಲರಿಗೂ ಗೊತ್ತಿರುವಂಥದ್ದು. ನಂಬಿಕೆಯ ಸ್ಥಾನದಲ್ಲಿ ಇದ್ದವರು ಬಾಯಿ ಬಿಡಬಾರದು, ಸಹಿ ಹಾಕಿ ಲೇಖನ ಬರೆಯಕೂಡದು ಎಂಬುದು ಅದರ ತಾತ್ಪರ್ಯ. ಇಷ್ಟೇ ಆಗಿದ್ದರೆ ನಾನು ನಿಮ್ಮ ಪಕ್ಷಕ್ಕೇ ಬರುತ್ತಿದ್ದೆನೇನೋ. ಆದರೆ ಅದೇ ಪತ್ರದಲ್ಲಿ ಇನ್ನೊಂದು ಮಾತಿದೆ: ಅರಮನೆಗೆ ಬೇಕಾದ ಬೇರೊಬ್ಬ ಲೇಖಕರಿಗೆ ಆಕೆ ನೆರವಾಗಬಹುದು, ಅಮೆರಿಕದಿಂದ ಹಣವನ್ನೂ ಪಡೆಯಬಹುದು, ಹೆಸರು ಮಾತ್ರ ಬರಬಾರದು! ಮಾನ್ಯರೇ, ಇದನ್ನು ಎರಡು ಸಲ ಓದಿ. ಗುಟ್ಟು ಹೊರಗೆ ಹೋಗುವುದಕ್ಕೆ ತಕರಾರಿಲ್ಲ, ಹಣ ಒಳಗೆ ಬರುವುದಕ್ಕೂ ತಕರಾರಿಲ್ಲ. ತಕರಾರು ಇದ್ದದ್ದು ಪಾಠ ಹೇಳುವವಳಿಗೆ ಒಂದು ಹೆಸರು ಇರುವುದಕ್ಕೆ.

1950ರಲ್ಲಿ ಆಕೆಯ ಪುಸ್ತಕ ಆಕೆಯ ಹೆಸರಿನಲ್ಲೇ ಬಂತು. ಅದರಲ್ಲಿರುವ ಮಹಾ ದ್ರೋಹದ ಮಾದರಿ ನೋಡಿ: ಹಿರಿಯ ರಾಜಕುಮಾರಿ ರಾತ್ರಿ ಮಲಗಿದ ಮೇಲೂ ಎದ್ದೆದ್ದು ಬಂದು ತನ್ನ ಬೂಟುಗಳು ನೆಟ್ಟಗಿವೆಯೇ ಎಂದು ನೋಡುತ್ತಿದ್ದಳು. ಇಷ್ಟೇ. ಪುಸ್ತಕದ ತುಂಬ ಮುದ್ದು, ಮೆಚ್ಚುಗೆ. ಎಷ್ಟೋ ಕಡೆ ಅತಿ ಸಿಹಿಯಾಗಿ ಬೇಸರವೂ ಬರುತ್ತದೆ. ಆದರೂ ಅರಮನೆಯ ಬಾಗಿಲು ಮುಚ್ಚಿತು. ಕೆನ್ಸಿಂಗ್ಟನ್ ಅರಮನೆಯ ಆವರಣದಲ್ಲಿ ಕೊಟ್ಟಿದ್ದ ಮನೆಯನ್ನು ಆಕೆ ಬಿಡಬೇಕಾಯಿತು. 1988ರಲ್ಲಿ ಆಕೆ ಅಬರ್ಡೀನ್‌ನಲ್ಲಿ ತೀರಿಕೊಂಡಾಗ ಅರಮನೆಯಿಂದ ಒಂದು ಹೂವಿನ ಹಾರವೂ ಬರಲಿಲ್ಲ. ಅಷ್ಟರಲ್ಲಿ ರಾಣಿಯ ಬಾಲ್ಯದ ಬಗ್ಗೆ ಬರೆಯಲು ಕುಳಿತ ಜೀವನಚರಿತ್ರೆಕಾರರೆಲ್ಲ ಆ ಬೂಟುಗಳನ್ನು ಆಕೆಯ ಪುಸ್ತಕದಿಂದಲೇ ಎತ್ತಿಕೊಂಡಿದ್ದರು. ಜಂತೆ ಎಣಿಸುವವರು ಇಲ್ಲದೇ ಹೋಗಿದ್ದರೆ ಆ ಮನೆಗೆ ಜಂತೆ ಎಷ್ಟಿದ್ದವೆಂದು ಇತಿಹಾಸಕ್ಕೆ ಹೇಳುವವರು ಯಾರು?

ಇನ್ನು 1955ರ ಪ್ರಸಂಗ. ಅದನ್ನು ನಾನು ಎತ್ತದಿದ್ದರೆ ನೀವು ಮುಂದಿನ ಪತ್ರದಲ್ಲಿ ಎತ್ತುತ್ತೀರಿ. ಮಹಿಳಾ ವಾರಪತ್ರಿಕೆಯೊಂದರಲ್ಲಿ ಬರುತ್ತಿದ್ದ ಆಕೆಯ ಹೆಸರಿನ ಅಂಕಣದಲ್ಲಿ ಆ ಜೂನ್ ತಿಂಗಳ ರಾಜವೈಭವದ ಸೇನಾ ಕವಾಯತು ಮತ್ತು ಆಸ್ಕಟ್ ಕುದುರೆ ಪಂದ್ಯದ ಸೊಗಸಾದ ವರ್ಣನೆ ಬಂದಿತು. ಆದರೆ ರೈಲ್ವೆ ಮುಷ್ಕರದಿಂದಾಗಿ ಕವಾಯತು ರದ್ದಾಗಿತ್ತು, ಪಂದ್ಯ ಮುಂದಕ್ಕೆ ಹೋಗಿತ್ತು. ನಡೆಯದ ಉತ್ಸವವನ್ನು ಕಣ್ಣಾರೆ ಕಂಡಂತೆ ಬರೆದವಳೆಂದು ದೇಶವೆಲ್ಲ ನಕ್ಕಿತು. ಆಕೆಯ ಬರವಣಿಗೆಯ ಬದುಕು ಅಲ್ಲಿಗೆ ಮುಗಿಯಿತು. ಪತ್ರಿಕೆ ನಡೆಸುವವನಾಗಿ ನನಗೆ ಇಲ್ಲಿ ರಕ್ತ ಕುದಿಯುತ್ತದೆ. ಅಂಥ ಪತ್ರಿಕೆಗಳ ಪುಟಗಳು ವಾರಗಳ ಮೊದಲೇ ಅಚ್ಚಿಗೆ ಹೋಗುತ್ತವೆ. ಮುಂಚಿತವಾಗಿ ಬರೆಸಿಕೊಂಡವರು, ತಿದ್ದಿದವರು, ಅಚ್ಚಿಗೆ ಕಳಿಸಿದವರು ಎಷ್ಟು ಜನವೋ! ನಗೆಪಾಟಲಿಗೆ ಸಿಕ್ಕ ಹೆಸರು ಮಾತ್ರ ಒಂದು. ನಮ್ಮ ಕಸುಬಿನವರು ಯಾವಾಗಲೂ ಹೀಗೆ ಹಿಂಬಾಗಿಲಿನಿಂದ ಪಾರಾಗುತ್ತಾರೆ.

ಇದರ ಪಕ್ಕಕ್ಕೆ ಅನ್ನಾ ಲಿಯೊನೊವೆನ್ಸ್ ಅವರನ್ನು ಇಟ್ಟು ನೋಡಿ. 1862ರಲ್ಲಿ ಸಿಯಾಮ್, ಅಂದರೆ ಇಂದಿನ ಥಾಯ್ಲೆಂಡ್‌ನ ರಾಜ ಮಾಂಗ್‌ಕುಟ್ ತನ್ನ ರಾಣಿಯರಿಗೂ ಮಕ್ಕಳಿಗೂ ಇಂಗ್ಲಿಷ್ ಕಲಿಸಲು ಆಕೆಯನ್ನು ನೇಮಿಸಿದ. ಪಾಠ ಹೇಳಿ, ಮತಾಂತರದ ಗೊಡವೆ ಬೇಡ ಎಂದು ಮೊದಲೇ ಪತ್ರದಲ್ಲಿ ತಿಳಿಸಿದ್ದ ಜಾಣ. ಐದು ವರ್ಷ ಅಲ್ಲಿದ್ದು ಹೊರಬಂದ ಆಕೆ 1870ರಲ್ಲಿ ಒಂದು, 1873ರಲ್ಲಿ ಇನ್ನೊಂದು ಪುಸ್ತಕ ಬರೆದಳು. ತಾನು ವೇಲ್ಸ್‌ನಲ್ಲಿ ಹುಟ್ಟಿದವಳು, ಗಂಡ ಸೇನಾಧಿಕಾರಿ ಎಂದೆಲ್ಲ ಹೇಳಿಕೊಂಡಿದ್ದಳು. ಆಮೇಲೆ ಹುಡುಕಿದವರಿಗೆ ಸಿಕ್ಕ ದಾಖಲೆಯೇ ಬೇರೆ: ಹುಟ್ಟಿದ್ದು ಅಹಮದ್‌ನಗರದಲ್ಲಿ, ಗಂಡ ಗುಮಾಸ್ತನಾಗಿದ್ದವನು. ಇದನ್ನು ನಾನು ತಪ್ಪೆನ್ನುವುದಿಲ್ಲ. ಆ ಕಾಲದಲ್ಲಿ ಗಂಡನಿಲ್ಲದ ಹೆಣ್ಣು ಎರಡು ಮಕ್ಕಳನ್ನು ಸಾಕಲು ಏನೇನು ಹೇಳಿಕೊಳ್ಳಬೇಕಾಯಿತೋ. ತಕರಾರು ಇರುವುದು ಬ್ಯಾಂಕಾಕಿನ ಅರಮನೆಯ ಕೆಳಗೆ ಆಕೆ ತೋಡಿದ ನೆಲಮಾಳಿಗೆಯ ಸೆರೆಮನೆಯ ಬಗ್ಗೆ. ಸ್ವಲ್ಪ ಅಗೆದರೆ ನೀರು ಉಕ್ಕುವ ಊರು ಅದು! 27 ವರ್ಷ ಬೌದ್ಧ ಭಿಕ್ಷುವಾಗಿದ್ದು, ಲ್ಯಾಟಿನ್ ಕಲಿತು, 1868ರ ಆಗಸ್ಟ್ 18ರ ಸೂರ್ಯಗ್ರಹಣವನ್ನು ತಾನೇ ಗಣಿಸಿ ಹೇಳಿ, ಅದನ್ನು ನೋಡಲು ಹೋದ ಕಾಡಿನಲ್ಲಿ ಮಲೇರಿಯಾ ತಗುಲಿ ಪ್ರಾಣ ಬಿಟ್ಟ ದೊರೆ ಆತ. ಆಕೆಯ ಬರಹದಲ್ಲಿ ಮೊಳೆತು ಆಮೇಲೆ ಅಮೆರಿಕದ ಕಾದಂಬರಿ, ರಂಗಭೂಮಿ, ಸಿನಿಮಾಗಳ ಗೊಬ್ಬರದಲ್ಲಿ ಬೆಳೆದ ರಾಜನೋ, ಬಿಳಿಯ ಹೆಂಗಸಿನಿಂದ ನಾಗರಿಕತೆ ಕಲಿಯುವ ದೊಡ್ಡ ಮಗು. ಥಾಯ್ಲೆಂಡ್ ಆ ಸಿನಿಮಾಗಳನ್ನು ನಿಷೇಧಿಸಿತು. ನಿಷೇಧಗಳ ಬಗ್ಗೆ ನನಗೆ ಒಲವಿಲ್ಲ. ನಾನು ಮೆಚ್ಚುವುದು ಸೇನಿ ಮತ್ತು ಕುಕ್ರಿತ್ ಪ್ರಾಮೋಜ್ ಎಂಬ ಅಣ್ಣತಮ್ಮಂದಿರು ಮಾಡಿದ ಕೆಲಸವನ್ನು. ಬೇರೆ ಬೇರೆ ಕಾಲದಲ್ಲಿ ಆ ದೇಶದ ಪ್ರಧಾನಿಗಳಾಗಿದ್ದ ಇವರು 1948ರಲ್ಲಿ ಮಾಂಗ್‌ಕುಟ್ ತಾನೇ ಬರೆದ ಪತ್ರಗಳನ್ನು ಮುಂದಿಟ್ಟು ಒಂದು ಪುಸ್ತಕ ಬರೆದರು. ಪುಸ್ತಕಕ್ಕೆ ಪುಸ್ತಕವೇ ಉತ್ತರ.

ಈಗ ಲೆಕ್ಕ ಹಾಕಿ. ಹೆಚ್ಚುಕಡಿಮೆ ನಿಜವನ್ನೇ ಬರೆದ ಗವರ್ನೆಸ್ ಬಹಿಷ್ಕಾರ ಉಂಡಳು. ಕಲ್ಪನೆಯನ್ನು ಸಾಕ್ಷ್ಯವೆಂದು ಮಾರಿದ ಗವರ್ನೆಸ್ ಹಾಡು ಕುಣಿತದ ನಾಯಕಿಯಾಗಿ ಅಮರಳಾದಳು. ಕಲ್ಪನೆ ಮಾಡುವುದು ಅಪರಾಧವಲ್ಲ, ಕಲ್ಪನೆಗೆ ಸಾಕ್ಷ್ಯದ ಮೊಹರು ಒತ್ತುವುದು ಅಪರಾಧ. ಕಾದಂಬರಿ ತಾನು ಕಾದಂಬರಿ ಎಂದು ಮುಖಪುಟದಲ್ಲೇ ಒಪ್ಪಿಕೊಂಡು ನಿಮ್ಮೆದುರು ನಿಂತಿದೆ. ಅದರ ಮೇಲೇಕೆ ಇಷ್ಟು ಕೋಪ?

ಗವರ್ನೆಸ್‌ಗಳ ಮಾತನ್ನು ತೆಗೆದುಹಾಕಿದರೆ ರಾಜರ ಚರಿತ್ರೆಯಲ್ಲಿ ಏನು ಉಳಿಯುತ್ತದೆ ಎಂದೂ ಯೋಚಿಸಿ. ಹತ್ತು ವರ್ಷದ ವಿಕ್ಟೋರಿಯಾ ಚರಿತ್ರೆಯ ಪುಸ್ತಕದಲ್ಲಿ ಇಟ್ಟಿದ್ದ ವಂಶವೃಕ್ಷ ನೋಡಿ, ಸಿಂಹಾಸನ ತನಗೆ ಇಷ್ಟು ಹತ್ತಿರವೇ ಎಂದು ತಿಳಿದು, ‘ಒಳ್ಳೆಯವಳಾಗಿರುತ್ತೇನೆ’ ಎಂದಳೆಂಬ ಕಥೆ ಶಾಲೆಯ ಪುಸ್ತಕಗಳವರೆಗೂ ಬಂದಿದೆ. ಅದಕ್ಕೆ ಆಧಾರ? 1830ರಲ್ಲಿ ನಡೆದದ್ದನ್ನು ಗವರ್ನೆಸ್ ಲೇಟ್ಸೆನ್ 1867ರಲ್ಲಿ ನೆನಪಿನಿಂದ ಬರೆದ ಪತ್ರ. ಅದರ ಅಂಚಿನಲ್ಲಿ ರಾಣಿ ಬರೆದ ಟಿಪ್ಪಣಿ ಇನ್ನೂ ಚೆನ್ನ: ವಿಷಯ ತಿಳಿದು ನಾನು ಬಹಳ ಅತ್ತೆ ಎಂದು. ಶಿಕ್ಷಕಿಯ ನೆನಪಿನಲ್ಲಿ ಧೀರ ಬಾಲಕಿ, ರಾಣಿಯ ನೆನಪಿನಲ್ಲಿ ಅಳುವ ಹುಡುಗಿ. ಒಂದೇ ಹಾಳೆಯ ಮೇಲೆ ಇಬ್ಬರೂ ಇದ್ದಾರೆ. ಕಾದಂಬರಿಕಾರನಿಗೆ ಇದಕ್ಕಿಂತ ದೊಡ್ಡ ಆಹ್ವಾನಪತ್ರಿಕೆ ಬೇಕೇ? (ಲೇಟ್ಸೆನ್ ತಿನ್ನುವ ಪದಾರ್ಥಕ್ಕೆಲ್ಲ ಶಾಹಿ ಜೀರಿಗೆ ಉದುರಿಸಿಕೊಳ್ಳುತ್ತಿದ್ದಳಂತೆ. ವಿಕ್ಟೋರಿಯಾಳ ಗಂಡ ರಾಜಕುಮಾರ ಆಲ್ಬರ್ಟ್‌ಗೆ ಆಕೆ ಸೇರುತ್ತಿರಲಿಲ್ಲ, 1842ರಲ್ಲಿ ಜರ್ಮನಿಗೆ ಮರಳಿ ಹೋದಳು. ಜೀರಿಗೆಯೂ ಒಂದು ಕಾರಣವೋ ಎಂಬುದನ್ನು ಯಾರಾದರೂ ಕಾದಂಬರಿಯಲ್ಲೇ ಬರೆಯಬೇಕು.)

ಮೊದಲನೆಯ ಎಲಿಜಬೆತ್ ಹದಿಹರೆಯದಲ್ಲಿದ್ದಾಗ ಮಲತಾಯಿಯ ಗಂಡ ಥಾಮಸ್ ಸೀಮೋರ್ ಬೆಳಗಿನ ಹೊತ್ತು ಅವಳ ಮಲಗುವ ಕೋಣೆಗೆ ನುಗ್ಗಿ ಚೇಷ್ಟೆ ಮಾಡುತ್ತಿದ್ದ ಸಂಗತಿ ನಮಗೆ ಗೊತ್ತಿರುವುದು 1549ರಲ್ಲಿ ಗವರ್ನೆಸ್ ಕ್ಯಾಟ್ ಆಶ್ಲಿಯನ್ನು ಲಂಡನ್ ಟವರ್‌ನಲ್ಲಿ ಕೂಡಿಹಾಕಿ ವಿಚಾರಿಸಿದ್ದರಿಂದ. ಆಕೆಯೂ ಮನೆಯ ಗುಟ್ಟು ಹೇಳಿದಳು, ಸೆರೆಯಲ್ಲಿ ಹೆದರಿ. ಹದಿನೈದರ ಹುಡುಗಿ ಏನು ಮಾಡಿದಳು ಗೊತ್ತೇ? ನನ್ನನ್ನು ಕಷ್ಟಪಟ್ಟು ಸಾಕಿ ವಿದ್ಯೆ ಕಲಿಸಿದವಳು, ಅವಳಿಗೆ ದಯೆ ತೋರಿ ಎಂದು ಆಡಳಿತ ನಡೆಸುತ್ತಿದ್ದವರಿಗೆ ಪತ್ರ ಬರೆದಳು. 1558ರಲ್ಲಿ ಪಟ್ಟಕ್ಕೆ ಬಂದಾಗ ಅವಳನ್ನೇ ತನ್ನ ಅಂತಃಪುರದ ಮುಖ್ಯಸ್ಥೆಯನ್ನಾಗಿ ಮಾಡಿಕೊಂಡಳು. ಅದೇ ಹೆಸರಿನ ಇಬ್ಬರು ರಾಣಿಯರು, ಇಬ್ಬರು ಗವರ್ನೆಸ್‌ಗಳು. ಹೋಲಿಕೆಯನ್ನು ನಿಮಗೇ ಬಿಡುತ್ತೇನೆ.

ಫ್ರಾನ್ಸಿನವರ ಮಾತೇ ಬೇರೆ. ಕ್ರಾಂತಿಯ ನಡುವೆ, 1791ರ ಜೂನ್‌ನಲ್ಲಿ, ದೊರೆ ಹದಿನಾರನೆಯ ಲೂಯಿಯ ಸಂಸಾರ ಪ್ಯಾರಿಸ್ಸಿನಿಂದ ತಲೆಮರೆಸಿಕೊಂಡು ಓಡಿದಾಗ ಮಕ್ಕಳ ಗವರ್ನೆಸ್ ತೂರ್ಜೆಲ್ ರಷ್ಯಾದ ಶ್ರೀಮಂತ ಹೆಂಗಸಿನ ವೇಷ ಹಾಕಿದಳು, ರಾಣಿ ಮೇರಿ ಆಂಟೊನೆಟ್ ಅವಳ ಮನೆಯ ಗವರ್ನೆಸ್ ಆದಳು, ರಾಜ ಸೇವಕನಾದ. ವರೆನ್‌ನಲ್ಲಿ ಸಿಕ್ಕಿಬಿದ್ದರು. ಇದನ್ನು ಕಾದಂಬರಿಯಲ್ಲಿ ಕಲ್ಪಿಸಿ ಬರೆದಿದ್ದರೆ ಅತಿಯಾಯಿತು ಎಂದು ನೀವೇ ಮೊದಲು ಪತ್ರ ಹಾಕುತ್ತಿದ್ದಿರಿ.

ಹಾಗೆಂದು ಐತಿಹಾಸಿಕ ಕಾದಂಬರಿ ಬರೆಯುವವರೆಲ್ಲ ನನಗೆ ಪ್ರಿಯರಲ್ಲ. ದಾಖಲೆ ಇರುವ ಕಡೆ ದಾಖಲೆಯನ್ನು ತಿರುಚುವವರನ್ನು ಕಂಡರೆ ಆಗುವುದಿಲ್ಲ. ಗವರ್ನೆಸ್ ಎಂದೊಡನೆ ದೊರೆಯ ಜೊತೆ ಒಂದು ಬೆಳದಿಂಗಳ ನಡಿಗೆ ಹಾಕಲೇಬೇಕೆಂಬ ಚಪಲದವರು ಇನ್ನೂ ಕೆಟ್ಟವರು. ಊಟದ ಮೇಜಿನಲ್ಲಿ ಎಲ್ಲಿ ಕೂರಬೇಕೆಂದು ಗೊತ್ತಾಗದ, ಕೆಳಗಿನ ಆಳುಗಳಿಗೂ ಮೇಲಿನ ಒಡೆಯರಿಗೂ ಬೇಡವಾದ ಹೆಣ್ಣಿನ ಸಂಕಟ ಇವರಿಗೆ ಸಾಕಾಗುವುದಿಲ್ಲ. ‘ನೈಜ ಘಟನೆ ಆಧಾರಿತ’ ಎಂದು ಮುಖಪುಟದ ಮೇಲೆ ದಪ್ಪಕ್ಷರದಲ್ಲಿ ಹಾಕುವ ಪ್ರಕಾಶಕರಂತೂ ಬಾಲಂಗೋಚಿಯಾಗಿ ‘ಎಷ್ಟು ಆಧಾರಿತ’ ಎಂದು ಒಳಪುಟದಲ್ಲಾದರೂ ಹೇಳಬೇಡವೇ? ಇದನ್ನು ಹೇಳಿ ಹೇಳಿ ನನ್ನ ಬಾಯಿ ಒಣಗಿದೆ. ಇನ್ನೊಂದು ಕಡೆ ನಮ್ಮ ಓದುಗರು. ಐತಿಹಾಸಿಕ ಕಾದಂಬರಿ ಎಂದರೆ ಯಾವ ರಾಜನದ್ದು, ಯಾವ ಯುದ್ಧದ್ದು ಎಂದು ಕೇಳುತ್ತಾರೆ. ಆ ರಾಜನಿಗೆ ಅಕ್ಷರ ತಿದ್ದಿಸಿದವರ ಬಗ್ಗೆ ಬರೆದರೆ ‘ಇದಕ್ಕೆ ಪುರಾವೆ ಎಲ್ಲಿ’ ಎಂದು ಹುಬ್ಬೇರಿಸುತ್ತಾರೆ. ಪುರಾವೆ ಇಟ್ಟುಕೊಳ್ಳಲು ಬಿಡದೆ, ಇದ್ದರೆ ಹೆಸರು ಹಾಕಬೇಡ ಎಂದವರು ಯಾರು ಎಂಬ ಪ್ರಶ್ನೆ ಮಾತ್ರ ಏಳುವುದಿಲ್ಲ. ಸತ್ತವರ ಬಾಯಲ್ಲಿ ಮಾತು ತುರುಕುವ ಹಕ್ಕು ಯಾರು ಕೊಟ್ಟರು ಎಂದಿರಿ. ಬದುಕಿದ್ದಾಗ ಆ ಬಾಯಿಯನ್ನು ಮುಚ್ಚಿಸಿದವರೇ ಕೊಟ್ಟರು.

ಮಗಳಿಗೆ ಆ ಕಾದಂಬರಿಯನ್ನು ಕೊಡಿ. ಕ್ರಾಫರ್ಡ್ ತಾನೇ ಬರೆದ ಪುಸ್ತಕವನ್ನೂ ಹುಡುಕಿ ಕೊಡಿ, ಆದರೆ ಎರಡನೆಯದಾಗಿ. ಅಮೆರಿಕದ ಸಂಪಾದಕರು ಆ ಪುಸ್ತಕವನ್ನು ತಮಗೆ ಬೇಕಾದಂತೆ ಸಾಕಷ್ಟು ತಿದ್ದಿದ್ದರು ಎಂಬುದನ್ನು ಓದಿ ಮುಗಿಸಿದ ಮೇಲೆ ಹೇಳಿ, ಮೊದಲೇ ಹೇಳಬೇಡಿ. ಎರಡರಲ್ಲಿ ಯಾವುದು ಆಕೆಗೆ ಹೆಚ್ಚು ನ್ಯಾಯ ಮಾಡಿದೆ ಎಂದು ಹುಡುಗಿಯೇ ನಮಗೆ ಬರೆಯಲಿ. ನಿಮ್ಮ ಪತ್ರಕ್ಕೆ ಕೊಟ್ಟದ್ದಕ್ಕಿಂತ ಹೆಚ್ಚು ಜಾಗ ಕೊಡುತ್ತೇನೆ. ಹೆಸರು ಹಾಕಿ ಬರೆಯಬೇಕು, ಅದೊಂದೇ ಷರತ್ತು.